ಮಂತ್ರಕವಿಗಳೂ ನಮ್ಮ ಭಾಗವತರೂ

ಕಳೆದ ಬೇಸಗೆಯ ರಜೆಯಲ್ಲಿ ನನ್ನ ಅಕ್ಕನ ಮೊಮ್ಮಗಳು ಬೆಂಗಳೂರಿನಿಂದ ಕೋಟಕ್ಕೆ ಬಂದಿದ್ದಳು. ಹದಿನಾಲ್ಕರ ಹುಡುಗಿ, ಪುಸ್ತಕ ಕೈಗೆ ಸಿಕ್ಕಿದರೆ ಊಟವನ್ನೂ ಮರೆಯತಕ್ಕವಳು. ಚಾವಡಿಯ ಮೂಲೆಯಲ್ಲಿ ಕುಳಿತು ಎರಡು ದಿನ ಒಂದು ದಪ್ಪ ಇಂಗ್ಲಿಷ್ ಗ್ರಂಥವನ್ನು ಓದುತ್ತಿದ್ದವಳು ಮೂರನೆಯ ದಿನ ಸಂಜೆ ತಲೆಯೆತ್ತಿ, “ಅಜ್ಜಯ್ಯ, ನಮ್ಮಲ್ ಹೀಂಗಿಪ್ಪ ಕವಿಗಳ್ ಯಾರೂ ಇಲ್ಯಾ?” ಎಂದು ಕೇಳಿದಳು.

ಎಂತಹ ಕವಿಗಳೆಂದು ವಿಚಾರಿಸಲಾಗಿ, ಆಕೆ ಕಥೆಯನ್ನು ವಿವರಿಸಿದಳು. ಆಕ್ಸ್‌ಫರ್ಡಿನಲ್ಲಿ ಹಳೆಯ ಇಂಗ್ಲಿಷ್ ಭಾಷೆಯ ಅಧ್ಯಾಪಕರಾಗಿದ್ದ ಟೋಲ್ಕಿನ್ (1892–1973) ಎಂಬವರು ಬರೆದು, ಅವರ ಮರಣಾನಂತರ 1977ರಲ್ಲಿ ಅವರ ಮಗನು ಪ್ರಕಟಿಸಿದ ‘ಸಿಲ್ಮರಿಲಿಯನ್’ ಎಂಬ ಗ್ರಂಥವದು. ಅದರಲ್ಲಿನ ಲೋಕವೇ ಗಾನದಿಂದ ಹುಟ್ಟಿದ್ದಂತೆ. ಅಲ್ಲಿ ಒಬ್ಬ ಅರಸನೂ ಒಬ್ಬ ಮಾಯಾವಿಯೂ ಖಡ್ಗವನ್ನು ಬಿಟ್ಟು ಹಾಡುಗಳಿಂದಲೇ ಕಾದಾಡುವರು. ಲೂಥಿಯೆನ್ ಎಂಬ ರಾಜಕುಮಾರಿಯು ಮೃತರ ಅಧಿದೇವತೆಯ ಮುಂದೆ ನಿಂತು ಹಾಡಿ, ಅವನ ಮನಸ್ಸನ್ನು ಕರಗಿಸಿ, ಸತ್ತ ತನ್ನ ಪ್ರಿಯನನ್ನು ಮರಳಿ ಪಡೆಯುವಳು. ನಮ್ಮ ಸಾವಿತ್ರಿಯು ಮಾತಿನಿಂದ ಮಾಡಿದುದನ್ನು ಈಕೆ ಹಾಡಿನಿಂದ ಮಾಡಿದಳೆಂದು ನಾನು ಮನಸ್ಸಿನಲ್ಲಿಯೇ ಅಂದುಕೊಂಡೆ.

ಮೂವತ್ತು ವರ್ಷಗಳಿಗೂ ಮೇಲ್ಪಟ್ಟು ಊರ ಮಕ್ಕಳಿಗೆ ಸಂಸ್ಕೃತವನ್ನು ಕಲಿಸಿದ ನನಗೆ ಈ ಪ್ರಶ್ನೆಗೆ ಉತ್ತರಕ್ಕೇನು ಬರಗಾಲ? ಒಡನೆಯೇ ತೆಲುಗು ನಾಡಿನ ವೇಮುಲವಾಡ ಭೀಮಕವಿಯ ಐತಿಹ್ಯವನ್ನು ಹೇಳಿದೆ. ಔತಣದ ಮನೆಯಲ್ಲಿ ತನಗೆ ಅವಮಾನವಾಯಿತೆಂದು ಸಿಟ್ಟುಗೊಂಡು ಆತನು ನುಡಿಯಲು, ಬಡಿಸಿಟ್ಟ ಅಪ್ಪಗಳು ಕಪ್ಪೆಗಳಾಗಿ ನೆಗೆದುವಂತೆ, ಅನ್ನವು ಸುಣ್ಣವಾಯಿತಂತೆ. ಪ್ರಾಸವು ಎಷ್ಟು ಅಪಾಯಕರವಾದ ವಸ್ತುವೆಂಬುದಕ್ಕೆ ಇದಕ್ಕಿಂತ ಬೇರೆ ನಿದರ್ಶನ ಬೇಡ! ಹುಡುಗಿಯು ಹೊಟ್ಟೆ ಹಿಡಿದುಕೊಂಡು ನಕ್ಕಳು. ಆದರೆ ನಕ್ಕಾದ ಮೇಲೆ, “ಅದ್ ಬರೀ ಸಿಟ್ಟ್ ಆಯ್ತಲ್ದಾ ಅಜ್ಜಯ್ಯ” ಎಂದು ಪುನಃ ಪುಸ್ತಕಕ್ಕೆ ತಲೆಯನ್ನು ಬಾಗಿಸಿದಳು. ನಾನು ಗೆದ್ದೆನೆಂದು ತಿಳಿದಿದ್ದ ವಾದದಲ್ಲಿ ಸೋತಿದ್ದೆ. ಆ ಸೋಲಿನ ಫಲವೇ ಈ ಲೇಖನ.

ಕವಿಯ ಸಿಟ್ಟಿಗೆ ಲೋಕವು ಹೆದರಿದುದು ನಮ್ಮಲ್ಲಿ ಮಾತ್ರವಲ್ಲ. ಐರ್ಲೆಂಡಿನ ಹಳೆಯ ಕಥೆಗಳಲ್ಲಿ ಕವಿಯು ನಿಂದಾಪದ್ಯವನ್ನು ಹಾಡಿದರೆ ಅರಸನ ಮುಖದ ಮೇಲೆ ಬೊಕ್ಕೆಗಳೇಳುತ್ತಿದ್ದುವು. ಅಂಗದಲ್ಲಿ ಕುಂದುಳ್ಳವನು ಸಿಂಹಾಸನದಲ್ಲಿರಕೂಡದೆಂಬ ನಿಯಮವಿದ್ದುದರಿಂದ ಒಂದು ಪದ್ಯದಿಂದ ಒಂದು ರಾಜ್ಯವೇ ಹೋಗಬಹುದಾಗಿದ್ದಿತು. ಎಲಿಯಾಸ್ ಲೊನ್ರೋಟ್ ಎಂಬ ವಿದ್ವಾಂಸನು ಹಳ್ಳಿಗರ ಹಾಡುಗಳನ್ನು ಸಂಗ್ರಹಿಸಿ 1835ರಲ್ಲಿ ಪ್ರಕಟಿಸಿದ ಫಿನ್ಲೆಂಡಿನ ‘ಕಾಲೇವಾಲ’ದಲ್ಲಿ ಮುದುಕನಾದ ಗಾಯಕನೊಬ್ಬನು ತನ್ನೊಡನೆ ಸ್ಪರ್ಧೆಗೆ ಬಂದ ಪೋರನನ್ನು ಹಾಡುತ್ತ ಹಾಡುತ್ತ ಕೆಸರಿನಲ್ಲಿ ಹೂಳಿಬಿಡುತ್ತಾನೆ.

ನಮ್ಮ ಛಂದಶ್ಶಾಸ್ತ್ರದವರಾದರೋ ಈ ಭಯವನ್ನು ಒಂದು ಕೋಷ್ಟಕವನ್ನಾಗಿಯೇ ಮಾಡಿಟ್ಟಿರುವರು. ಎಂಟು ಅಕ್ಷರಗಣಗಳಿಗೆ ಎಂಟು ದೇವತೆಗಳು, ಎಂಟು ಫಲಗಳು. ಮಗಣಕ್ಕೆ ಭೂಮಿ, ಫಲವು ಸಂಪತ್ತು. ಯಗಣಕ್ಕೆ ಜಲ, ಫಲವು ವೃದ್ಧಿ. ಭಗಣಕ್ಕೆ ಚಂದ್ರ, ಕೀರ್ತಿಯನ್ನು ಕೊಡುವನು. ನಗಣಕ್ಕೆ ಸ್ವರ್ಗ, ಸುಖವನ್ನು ಕೊಡುವುದು. ಉಳಿದ ನಾಲ್ಕು ಕೆಟ್ಟವು: ರಗಣವು ಅಗ್ನಿ, ಮರಣವನ್ನು ತರುವುದು, ಸಗಣವು ವಾಯು, ಊರು ಬಿಡಿಸುವುದು, ತಗಣವು ಆಕಾಶ, ಬರಿದುಮಾಡುವುದು, ಜಗಣವು ಸೂರ್ಯ, ರೋಗವನ್ನು ಕೊಡುವುದು. ಕಾವ್ಯದ ಮೊದಲಲ್ಲಿ ಇವು ಬಂದರೆ ಕವಿಗೋ, ಪೋಷಕನಿಗೋ, ಯಾರಿಗಾದರೂ ಒಬ್ಬರಿಗೆ ತಗಲದೆ ಬಿಡವು.

ಇದನ್ನು ಪಾಠ ಹೇಳುವಾಗ ನಾನೊಂದು ತಪ್ಪು ಮಾಡಿದುದುಂಟು. ಒಬ್ಬ ವಿದ್ಯಾರ್ಥಿಯು ತನ್ನ ಅಕ್ಕನ ಮದುವೆಗೆ ಮಂಗಳಪದ್ಯವೊಂದನ್ನು ಕಟ್ಟಿಕೊಂಡು ಬಂದು ತೋರಿಸಿದ. ಮೊದಲ ಗಣವೇ ರಗಣ. ವಿನೋದಕ್ಕಾಗಿ, “ಮದುವೆಮನೆಗೆ ಬೆಂಕಿ ತಂದೆಯಲ್ಲೋ” ಎಂದುಬಿಟ್ಟೆ. ಹುಡುಗನು ರಾತ್ರಿಯೆಲ್ಲ ನಿದ್ರೆಯಿಲ್ಲದೆ ಬೆಳಗ್ಗೆ ಪದ್ಯವನ್ನು ಹರಿದುಹಾಕಿ ಕೆಂಪಾದ ಕಣ್ಣುಗಳೊಡನೆ ಶಾಲೆಗೆ ಬಂದ. ದೇವತೆಯ ಹೆಸರಿನಿಂದಾಗಲಿ, ಶುಭವಾಚಕವಾದ ಶಬ್ದದಿಂದಾಗಲಿ ಪದ್ಯವು ಮೊದಲಾದರೆ ಯಾವ ಗಣದ ದೋಷವೂ ಇಲ್ಲವೆಂದು ಅದೇ ಶಾಸ್ತ್ರವು ಬಾಗಿಲನ್ನು ತೆರೆದಿಟ್ಟಿದೆಯೆಂಬುದನ್ನು ನಾನು ಮೊದಲೇ ಹೇಳಬೇಕಾಗಿದ್ದಿತು. ಶಾಸ್ತ್ರಕಾರರು ನನಗಿಂತ ಕರುಣಾಳುಗಳು.

ಅದು ಹಾಗಿರಲಿ. ಮೊಮ್ಮಗಳ ಮಾತು ಸರಿಯೇ. ಅಪ್ಪವನ್ನು ಕಪ್ಪೆ ಮಾಡುವುದು ಸಿಟ್ಟಿನ ಕೆಲಸ. ಅದಕ್ಕೆ ಕವಿಯೇ ಬೇಕೆಂದಿಲ್ಲ. ಮನೆಮನೆಯಲ್ಲಿಯೂ ಅನ್ನವನ್ನು ಸುಣ್ಣ ಮಾಡುವ ಮಾತುಗಳು ಬೇಕಷ್ಟು ಹುಟ್ಟುತ್ತವೆ. ಕವಿಯ ಮಹಿಮೆಯನ್ನು ಬೇರೆಡೆಯಲ್ಲಿ ಹುಡುಕಬೇಕು. ಕಾಶ್ಮೀರದ ಮಮ್ಮಟನು ಕಾವ್ಯದ ಪ್ರಯೋಜನಗಳನ್ನು ಎಣಿಸುವಾಗ ಅಮಂಗಳದ ನಿವಾರಣೆಯನ್ನೂ ಸೇರಿಸಿ, ಸೂರ್ಯನನ್ನು ಸ್ತುತಿಸಿದ ಮಯೂರನನ್ನು ಉದಾಹರಿಸಿರುವನು. ಹರ್ಷಚಕ್ರವರ್ತಿಯ ಆಸ್ಥಾನದಲ್ಲಿ ಬಾಣನ ಸಮಕಾಲೀನನಾಗಿದ್ದ ಮಯೂರನು ‘ಸೂರ್ಯಶತಕ’ವನ್ನು ರಚಿಸಿ ಕುಷ್ಠರೋಗದಿಂದ ಮುಕ್ತನಾದನೆಂಬುದು ಐತಿಹ್ಯ. ನಮ್ಮ ಗದುಗಿನ ನಾರಣಪ್ಪನ ವಿಷಯದಲ್ಲಿಯೂ ಒಂದು ಮಾತಿದೆಯಷ್ಟೆ: ಆತನು ಮಿಂದು ಒದ್ದೆಬಟ್ಟೆಯಲ್ಲಿಯೇ ವೀರನಾರಾಯಣನ ಗುಡಿಯ ಕಂಬದ ಬಳಿ ಕುಳಿತರೆ ಭಾರತವು ಹರಿದುಬರುತ್ತಿದ್ದಿತಂತೆ, ಬಟ್ಟೆ ಒಣಗಿದೊಡನೆ ನಿಲ್ಲುತ್ತಿದ್ದಿತಂತೆ. ಈ ಕಥೆಯಲ್ಲಿ ನನಗೆ ಹಿಡಿಸುವುದು ಆ ಒಣಗುವ ಬಟ್ಟೆ. ಮಹಿಮೆಗೂ ಒಂದು ಅವಧಿಯುಂಟು, ಅದು ಮುಗಿಯುತ್ತದೆ, ನಾಳೆ ಪುನಃ ಮೀಯಬೇಕು.

ಆದರೆ ಮಂತ್ರಕವಿಗಳಲ್ಲೆಲ್ಲ ಅಗ್ರಗಣ್ಯನು ಭಗವಾನ್ ವ್ಯಾಸನೇ ಎಂಬುದು ನನಗೆ ಮೂರು ದಿನಗಳ ಮೇಲೆ, ರಾತ್ರಿ ನಿದ್ರೆ ಬಾರದೆ ಮಲಗಿದ್ದಾಗ, ತಟ್ಟನೆ ಹೊಳೆಯಿತು. ಮಹಾಭಾರತವನ್ನು ಮನೆಗಳಲ್ಲಿ ಓದುವವರು ಯುದ್ಧವು ಮುಗಿದು ಧರ್ಮರಾಯನಿಗೆ ಪಟ್ಟಾಭಿಷೇಕವಾದರೆ ಪುಸ್ತಕವನ್ನು ಕಟ್ಟಿಡುವುದು ವಾಡಿಕೆ. ಮುಂದೆ ಆಶ್ರಮವಾಸಿಕವೆಂಬ ಚಿಕ್ಕ ಪರ್ವವೊಂದಿದೆ. ಕುರುಡನಾದ ಧೃತರಾಷ್ಟ್ರನೂ, ಕಣ್ಣಿಗೆ ಪಟ್ಟಿ ಕಟ್ಟಿಕೊಂಡ ಗಾಂಧಾರಿಯೂ, ಕುಂತಿಯೂ ಕಾಡಿಗೆ ಹೋಗಿ ನೆಲೆಸಿದ್ದಾರೆ. ಪಾಂಡವರು ಅವರನ್ನು ನೋಡಲು ಪರಿವಾರಸಮೇತರಾಗಿ ಬಂದಿದ್ದಾರೆ. ಆಗ ವ್ಯಾಸನು ಅಲ್ಲಿಗೆ ಬಂದು, ನಿಮ್ಮ ಮನಸ್ಸಿನಲ್ಲಿರುವುದೇನೆಂದು ಕೇಳುತ್ತಾನೆ. ಯುದ್ಧ ಮುಗಿದು ಹದಿನಾರು ವರ್ಷಗಳಾದರೂ ಈ ಮುದುಕನಿಗೆ ಪುತ್ರಶೋಕದಿಂದ ರಾತ್ರಿ ನಿದ್ರೆಯಿಲ್ಲವೆಂದು ಗಾಂಧಾರಿಯು ಹೇಳುತ್ತಾಳೆ. ದ್ರೌಪದಿಗೆ ಐವರು ಮಕ್ಕಳ ದುಃಖ, ಸುಭದ್ರೆಗೆ ಅಭಿಮನ್ಯುವಿನ ದುಃಖ, ಕುಂತಿಗೆ ಬಾಯಿಬಿಟ್ಟು ಹೇಳಿಕೊಳ್ಳಲಾರದ ಕರ್ಣನ ದುಃಖ.

ವ್ಯಾಸನು ಅವರಿಗೆ ವೇದಾಂತವನ್ನು ಹೇಳಿ ಕಳುಹಿಸಬಹುದಾಗಿತ್ತು. ಅಂತಹ ಉಪದೇಶಗಳಿಗೆ ಆ ಗ್ರಂಥದಲ್ಲಿ ಕೊರತೆಯಿಲ್ಲ. ಆದರೆ ಅವನು ಎಲ್ಲರನ್ನೂ ಗಂಗಾತೀರಕ್ಕೆ ಕರೆದೊಯ್ದು, ಸೂರ್ಯನು ಮುಳುಗುವವರೆಗೆ ಕಾಯಿಸಿ, ತಾನು ನೀರಿಗಿಳಿದು ಸತ್ತವರನ್ನು ಹೆಸರು ಹಿಡಿದು ಕರೆದನು. ನೀರಿನೊಳಗಿಂದ ಸೇನೆಯ ಕೋಲಾಹಲ ಕೇಳಿಸಿತು. ಭೀಷ್ಮದ್ರೋಣರು ಮುಂದಾಗಿ ಎಲ್ಲರೂ ಎದ್ದು ಬಂದರು: ದ್ರುಪದ, ವಿರಾಟ, ಕರ್ಣ, ದುರ್ಯೋಧನ, ಅಭಿಮನ್ಯು, ಘಟೋತ್ಕಚ. ಯಾರಲ್ಲಿಯೂ ದ್ವೇಷವಿಲ್ಲ. ಹುಟ್ಟುಗುರುಡನಾದ ಧೃತರಾಷ್ಟ್ರನಿಗೂ ಆ ರಾತ್ರಿಗೆ ಕಣ್ಣು ಬಂದಿತು. ತನ್ನ ಮಕ್ಕಳ ಮುಖವನ್ನು ಅವನು ಮೊದಲ ಸಲ ಕಂಡುದು ಅವರು ಸತ್ತ ಮೇಲೆ. ರಾತ್ರಿಯೆಲ್ಲ ಮಾತು, ಆಲಿಂಗನ. ಬೆಳಗಾಗುತ್ತಲೇ ಬಂದವರು ಬಂದಂತೆಯೇ ನೀರಿನಲ್ಲಿ ಅಡಗಿದರು.

ಈ ವ್ಯಾಸನು ಯಾರು? ಧೃತರಾಷ್ಟ್ರನಿಗೆ ತಂದೆ, ಸತ್ತ ನೂರ್ವರಿಗೆ ಅಜ್ಜ, ಯುದ್ಧದ ಕಥೆಯನ್ನು ಹೇಳಿದ ಕವಿಯೂ ಅವನೇ. ತನ್ನ ಕಾವ್ಯದಲ್ಲಿ ಕೊಲ್ಲಿಸಿದವರನ್ನು ಒಂದು ರಾತ್ರಿಯ ಮಟ್ಟಿಗಾದರೂ ತಾಯಂದಿರಿಗೆ ಮರಳಿ ತೋರಿಸದೆ ಅವನಿಗೆ ಋಣ ತೀರುವಂತಿರಲಿಲ್ಲ. ಭೀಮಕವಿಯ ಕಪ್ಪೆಗಳೆಲ್ಲಿ, ಈ ಗಂಗಾತೀರವೆಲ್ಲಿ!

ಬೆಳಗ್ಗೆ ಹುಡುಗಿಗೆ ಇದನ್ನು ಹೇಳಿದೆ. ಆಕೆಯ ಕಣ್ಣುಗಳು ಅರಳಿದುವು. ಆದರೆ, “ಅದ್ ಹಳೇ ಕಥೆಯಲ್ದಾ? ಈಗ?” ಎಂದಳು. ಈಗಿನದನ್ನು ನೋಡಬೇಕಾದರೆ ರಾತ್ರಿ ಎಚ್ಚರವಿರಬೇಕೆಂದೆ. ಊರಿನ ಹತ್ತಿರದಲ್ಲಿಯೇ ಒಂದು ಮನೆಯವರ ಹರಕೆಯ ಆಟವಿತ್ತು. ಪ್ರಸಂಗ ‘ಅಭಿಮನ್ಯು ಕಾಳಗ’.

ನಮ್ಮ ಸೀಮೆಯ ವಾಚಕರಿಗೆ ಯಕ್ಷಗಾನದ ಆಟವೆಂದರೇನೆಂಬುದನ್ನು ಹೇಳಬೇಕಾಗಿಲ್ಲ. ಮಂದಾರ್ತಿ, ಮಾರಣಕಟ್ಟೆ ಮೊದಲಾದ ಕ್ಷೇತ್ರಗಳ ಮೇಳಗಳಿಗೆ ಹರಕೆ ಹೊತ್ತು, ತಮ್ಮ ಸರದಿಗಾಗಿ ವರ್ಷಗಟ್ಟಲೆ ಕಾಯುವ ಮನೆಗಳೆಷ್ಟೋ ಇವೆ. ದೂರದವರಿಗಾಗಿ ಮಾತ್ರ ಎರಡು ಮಾತು. ಕೊಯ್ಲಾದ ಗದ್ದೆಯಲ್ಲಿ ನಾಲ್ಕು ಕಂಬಗಳನ್ನು ನೆಟ್ಟು ಮಾವಿನೆಲೆಯ ತೋರಣವನ್ನು ಕಟ್ಟಿದರೆ ರಂಗಸ್ಥಳವಾಯಿತು. ಬಣ್ಣದ ಪರದೆಗಳಿಲ್ಲ, ಅರಮನೆಯ ಚಿತ್ರವಿಲ್ಲ. ಇಬ್ಬರು ಹಿಡಿದು ನಿಲ್ಲುವ ಒಂದು ತೆರೆ. ಹಿಂದೆ ಮದ್ದಲೆ, ಚೆಂಡೆ. ಅವುಗಳ ನಡುವೆ ತಾಳ ಹಿಡಿದ ಭಾಗವತರು. ಭಾಗವತರು ಪದವೆತ್ತಿದರೆ ಹಸ್ತಿನಾವತಿ ಉಂಟು; ನಿಲ್ಲಿಸಿದರೆ ಇಲ್ಲ. ವೇಷವು ನಾಲ್ಕು ಸುತ್ತು ಕುಣಿದರೆ ದ್ವಾರಕೆಗೆ ದಾರಿ ಸಾಗಿತು. ಪ್ರಸಂಗದ ಪದ್ಯಗಳನ್ನು ಹಿಂದಿನ ಕವಿಗಳು ಬರೆದಿಟ್ಟಿರುವರು: ಅಜಪುರವೆನಿಸಿದ ನಮ್ಮ ಬ್ರಹ್ಮಾವರದ ವಿಷ್ಣುವೆಂಬವನು ‘ವಿರಾಟಪರ್ವ’ವನ್ನು ಬರೆದ, ಕುಂಬಳೆಯ ಪಾರ್ತಿಸುಬ್ಬನು ರಾಮಾಯಣದ ಪ್ರಸಂಗಗಳನ್ನು ಬರೆದ, ನಂದಳಿಕೆಯ ಲಕ್ಷ್ಮೀನಾರಣಪ್ಪ, ಎಂದರೆ ನಮ್ಮ ಮುದ್ದಣ (1870–1901), ‘ರತ್ನಾವತಿ ಕಲ್ಯಾಣ’, ‘ಕುಮಾರವಿಜಯ’ಗಳನ್ನು ಬರೆದ. (ಮುದ್ದಣನು ಶಾಲೆಯಲ್ಲಿ ವ್ಯಾಯಾಮದ ಉಪಾಧ್ಯಾಯನಾಗಿದ್ದವನು, ನಮ್ಮ ವೃತ್ತಿಯವನೆಂದು ಹೆಮ್ಮೆಪಟ್ಟುಕೊಳ್ಳುವುದಕ್ಕೆ ಅವಕಾಶ ಸಿಕ್ಕಿದಾಗ ಬಿಡಬಾರದು.)

ಬರೆದವರು ಅವರಾದರೂ ರಾತ್ರಿಯ ಕವಿ ಭಾಗವತರೇ. ಯಾವ ಪದವನ್ನು ಹಾಡುವುದು, ಯಾವುದನ್ನು ಬಿಡುವುದು, ಯಾವ ರಾಗಕ್ಕೆ ಹಾಕುವುದು, ಎಷ್ಟು ಹೊತ್ತು ಎಳೆಯುವುದು, ಇವೆಲ್ಲ ಅವರ ಕೈಯಲ್ಲಿ. ವೇಷಧಾರಿಗಳು ಪದದ ಅರ್ಥವನ್ನು ತಮ್ಮ ಸ್ವಂತ ಮಾತಿನಿಂದ ಆಗಲೇ ಕಟ್ಟಿ ಹೇಳಬೇಕು. ಮಾತು ಎಲ್ಲಿಗೆ ನಿಲ್ಲಬೇಕೆಂಬುದನ್ನು ಮುಂದಿನ ಪದವು ತೀರ್ಮಾನಿಸುತ್ತದೆ. ಬಂದ ಪಾತ್ರವನ್ನು “ತಾವು ಯಾರು, ಬಂದ ಕಾರಣವೇನು” ಎಂದು ಮಾತನಾಡಿಸುವವರೂ ಭಾಗವತರೇ. ಗಂಗೆಯ ನೀರಿನಲ್ಲಿ ನಿಂತು ಹೆಸರು ಹಿಡಿದು ಕರೆದ ವ್ಯಾಸನ ಕೆಲಸವು ಇದಲ್ಲದೆ ಮತ್ತೇನು?

ಇದನ್ನು ನಾನು ಪುಸ್ತಕದಿಂದ ಕಲಿತವನಲ್ಲ. 1974ರ ಮಳೆಗಾಲದಲ್ಲಿ ನನ್ನ ಅಣ್ಣನು ನೆರೆಬಂದ ಹೊಳೆಯ ಪಾಲಾದ. ಅವನಿಗೆ ಆಗ ಹದಿನಾರು ವರ್ಷ, ನನಗೆ ಒಂಬತ್ತು. ಮಾರನೆಯ ಚಳಿಗಾಲದಲ್ಲಿ ನೆರೆಮನೆಯವರ ಹರಕೆಯಾಟದಲ್ಲಿ ಇದೇ ‘ಅಭಿಮನ್ಯು ಕಾಳಗ’ವೆಂದು ಗೊತ್ತಾಯಿತು. ಅಭಿಮನ್ಯುವಿಗೂ ಹದಿನಾರೇ ಅಲ್ಲವೇ? ಅಮ್ಮನನ್ನು ಕರೆದುಕೊಂಡು ಹೋಗಬಾರದೆಂದು ಹಿರಿಯರೆಲ್ಲ ಹೇಳಿದರು. ಆಕೆ ಯಾರ ಮಾತನ್ನೂ ಕೇಳದೆ ಚಾಪೆಯನ್ನು ಕಂಕುಳಲ್ಲಿರಿಸಿಕೊಂಡು, ನನ್ನ ಕೈ ಹಿಡಿದುಕೊಂಡು ಹೊರಟಳು. ಎದುರಿನ ಸಾಲಿನಲ್ಲಿಯೇ ಕುಳಿತಳು. ಯುದ್ಧಕ್ಕೆ ಹೊರಟ ಅಭಿಮನ್ಯುವನ್ನು ಸುಭದ್ರೆ ತಡೆಯುವುದು, ಅವನು ಸಮಾಧಾನ ಹೇಳುವುದು, ಕೊನೆಗೆ ಕಾಲಿಗೆರಗಿ ಅಪ್ಪಣೆ ಪಡೆಯುವುದು, ಎಲ್ಲವನ್ನೂ ಕಣ್ಣು ಮಿಟುಕಿಸದೆ ನೋಡಿದಳು. ಅವನು ಚಕ್ರವ್ಯೂಹದ ಕಡೆಗೆ ತಿರುಗಿದೊಡನೆ ಎದ್ದು, “ಬಾ ಮಗಾ, ಹೋಪ. ಮುಂದಿಂದ್ ನಂಗ್ ಗೊತ್ತಿತ್ತ್” ಎಂದು ನನ್ನನ್ನು ಎಬ್ಬಿಸಿದಳು.

ಆ ಮೇಲೆ ಹಲವು ವರ್ಷ ಹೀಗೆಯೇ. ಆಸುಪಾಸಿನಲ್ಲಿ ಎಲ್ಲಿ ಆ ಪ್ರಸಂಗವಾದರೂ ಆಕೆ ಹೋಗುವಳು, ತಾಯಿಮಗನ ಪದ ಮುಗಿಯುವವರೆಗೆ ಇರುವಳು, ಎದ್ದು ಬರುವಳು. ಆಕೆ ಕಂಡ ಆಟದಲ್ಲಿ ಅಭಿಮನ್ಯುವು ಸತ್ತುದೇ ಇಲ್ಲ. ನಾನು ದೊಡ್ಡವನಾಗಿ, ಮಾಸ್ತರನಾಗಿ, ಆ ಪ್ರಸಂಗವನ್ನು ಮಕ್ಕಳಿಗೆ ಪಾಠ ಹೇಳುತ್ತಿದ್ದಾಗಲೂ ಅದರ ಉತ್ತರಾರ್ಧವನ್ನು ರಂಗಸ್ಥಳದಲ್ಲಿ ಕಂಡವನಾಗಿರಲಿಲ್ಲ.

ಒಂದು ವರ್ಷ ವೃದ್ಧರಾದ ಭಾಗವತರೊಬ್ಬರು ಆಡಿಸುತ್ತಿದ್ದರು. ಅವರಿಗೆ ನಮ್ಮ ಮನೆಯ ಸಂಗತಿಯು ತಿಳಿದಿದ್ದಿತು. ಸುಭದ್ರೆಯ ಪದವನ್ನು ಎತ್ತಿಕೊಂಡವರು ಅದನ್ನು ಬಿಡಲೇ ಇಲ್ಲ. ಒಮ್ಮೆ ಎರಗಿ ಹೊರಟ ಅಭಿಮನ್ಯುವನ್ನು ಪದದಿಂದಲೇ ಪುನಃ ಕರೆದರು. ಅವನು ಬಂದು ಪುನಃ ಎರಗಿದ. ಮೂರನೆಯ ಸಲವೂ ಕರೆದರು. ಹಿಂದೆ ಕುಳಿತ ತರುಣರು ಶಿಳ್ಳೆ ಹಾಕಿದರು. ಚೆಂಡೆಯವರು ಕೋಲನ್ನೆತ್ತಿ ಕಾದು ಕಾದು ಇಳಿಸಿದರು. ಅಮ್ಮನಾದರೋ ಕದಲಲಿಲ್ಲ. ಕೊನೆಗೊಮ್ಮೆ ಪದ ಮುಗಿಯಿತು, ಚೆಂಡೆ ಮೊಳಗಿತು, ಅಭಿಮನ್ಯು ವ್ಯೂಹವನ್ನು ಹೊಕ್ಕ. ನಾನು ಚಾಪೆಯನ್ನು ಸುತ್ತತೊಡಗಿದೆ. ಅಮ್ಮ ನನ್ನ ಕೈಯನ್ನು ಅದುಮಿ ಕೂರಿಸಿದಳು. ಆ ರಾತ್ರಿ ಆಕೆ ಮಂಗಳದವರೆಗೂ ಇದ್ದಳು. ಬೆಳಗ್ಗೆ ನಾನು ಭಾಗವತರನ್ನು ಕಂಡು, ಪದವನ್ನು ಅಷ್ಟೇಕೆ ಎಳೆದಿರೆಂದು ಕೇಳಿದೆ. “ಆ ಅಮ್ಮ ಏಳೂವರಿಗೆ ಮುಗ್ಸುಕಾತ್ತಾ ಮಾಷ್ಟ್ರೇ?” ಎಂದರು. ಮನೆಗೆ ಬಂದು ಅಮ್ಮನನ್ನು ಕೇಳಿದರೆ, “ಪದ ಮುಗಿದೆ ಏಳುಕಾತ್ತಾ?” ಎಂದಳು. ಅವರು ಈಕೆಗಾಗಿ, ಈಕೆ ಅವರಿಗಾಗಿ ಕಾಯುತ್ತಿದ್ದರು. ಅಷ್ಟರೊಳಗೆ ಏನೋ ಒಂದು ಆಗಿಹೋಗಿತ್ತು. ಆ ಬಳಿಕ ಅಮ್ಮನು ಯಾವ ಆಟದಿಂದಲೂ ಅರ್ಧಕ್ಕೆ ಎದ್ದುಬಂದುದಿಲ್ಲ. ಅಣ್ಣನ ಹೆಸರನ್ನು ಮನೆಯೊಳಗೆ ಎತ್ತತೊಡಗಿದುದೂ ಆ ವರ್ಷದಿಂದಲೇ. ಕೋಟದ ಅಮೃತೇಶ್ವರಿಗೆ ‘ಹಲವು ಮಕ್ಕಳ ತಾಯಿ’ ಎಂದು ಹೆಸರಷ್ಟೆ. ಅಲ್ಲಿ ಕೈಮುಗಿಯುವಾಗಲೆಲ್ಲ ಅಮ್ಮನು ತನಗೆ ಎರಡು ಮಕ್ಕಳೆಂದೇ ಹೇಳಿಕೊಳ್ಳುತ್ತಿದ್ದಳು.

ಈಚೆಗೆ ಆಟಗಳನ್ನು ಮೂರು ನಾಲ್ಕು ಗಂಟೆಗಳೊಳಗೆ ಮುಗಿಸುವ ಕಾಲಮಿತಿಯ ಪದ್ಧತಿಯು ಬೆಳೆದಿದೆ. ಇದನ್ನು ನಾನು ಹಳಿಯಲಾರೆ. ಬೆಳಗ್ಗೆ ಕೆಲಸಕ್ಕೆ ಹೋಗಬೇಕಾದವರೂ ಪರೀಕ್ಷೆಯ ಮಕ್ಕಳೂ ಇದ್ದಾರೆ. ನಮ್ಮ ಕೋಟದವರೇ ಆದ ಶಿವರಾಮ ಕಾರಂತರು (1902–1997) ಮಾತನ್ನು ಕಡಿಮೆಮಾಡಿ, ಹಾಡು ಕುಣಿತಗಳನ್ನೇ ಮುಂದಿಟ್ಟು, ಆಟವನ್ನು ಸಂಕ್ಷೇಪಗೊಳಿಸಿ ದೇಶಾಂತರಗಳಲ್ಲಿ ತೋರಿಸಿದವರು. ಅವರ ಮುಂದೆ ನನ್ನ ಮಾತು ಎಷ್ಟರದು? ಹಾಗಿದ್ದರೂ ಹೇಳುವೆನು: ಗಡಿಯಾರವನ್ನು ನೋಡಿ ಹಾಡುವ ಭಾಗವತನಿಗೆ ಒಬ್ಬ ತಾಯಿಯ ಮುಖವನ್ನು ನೋಡಿ ಪದವನ್ನು ಮೂರು ಸಲ ತಿರುಗಿಸಲು ಎಡೆಯಿರುವುದಿಲ್ಲ. ಸಂಕ್ಷೇಪದಲ್ಲಿ ಕಥೆ ಉಳಿಯುತ್ತದೆ, ಕುಣಿತವೂ ಉಳಿಯುತ್ತದೆ. ಆ ಸ್ವಾತಂತ್ರ್ಯ ಮಾತ್ರ ಹೋಗುತ್ತದೆ.

ಸ್ವರವಾದರೋ ಬೇರೆ ರೀತಿಯಲ್ಲಿ ಉಳಿಯುವುದುಂಟು. ಗುಂಡ್ಮಿಯ ಕಾಳಿಂಗ ನಾವಡರು 1958ರಲ್ಲಿ ಹುಟ್ಟಿ 1990ರಲ್ಲಿ ರಸ್ತೆಯ ಅಪಘಾತದಲ್ಲಿ ತೀರಿಕೊಂಡರು. ಅವರ ಕಂಠವನ್ನು ಬಯಲಿನಲ್ಲಿ ಕುಳಿತು ಕೇಳಿದ ಭಾಗ್ಯವು ನನ್ನ ವಯಸ್ಸಿನವರದು. ಆ ಮೇಲಿನವರು ಕ್ಯಾಸೆಟ್ಟುಗಳಿಂದ ಕೇಳಿದರು, ಈಗಿನವರು ಮೊಬೈಲಿನಿಂದ ಕೇಳುತ್ತಾರೆ. ಸತ್ತವರನ್ನು ಎಬ್ಬಿಸುತ್ತಿದ್ದವನನ್ನು ಈಗ ಮಕ್ಕಳು ಬೆರಳ ತುದಿಯಿಂದ ಎಬ್ಬಿಸುತ್ತಾರೆ.

ಇನ್ನು ಮೊಮ್ಮಗಳ ಸಂಗತಿ. ಆ ರಾತ್ರಿಯ ಆಟವು ಬೆಳಗಿನವರೆಗಿನದೇ ಆಗಿತ್ತು. ಪೂರ್ವರಂಗದಲ್ಲಿ ಆಕೆ ಎರಡು ಸಲ ಆಕಳಿಸಿದಳು. ಕೌರವನ ಒಡ್ಡೋಲಗಕ್ಕೆ ನೆಟ್ಟಗೆ ಕುಳಿತಳು. ಸುಭದ್ರೆಯ ಪದ ಬಂದಾಗ ನನ್ನ ತೋಳನ್ನು ಹಿಡಿದುಕೊಂಡಳು. ಅಭಿಮನ್ಯುವು ಬಿದ್ದಾಗ ನಾನು ಆಕೆಯ ಕಡೆಗೆ ನೋಡಲಿಲ್ಲ. ಮಂಗಳವಾಗಿ ಮೂಡಲು ಕೆಂಪೇರುತ್ತಿರುವಾಗ ನಾವು ಗದ್ದೆಯ ಅಂಚಿನಲ್ಲಿ ಬರುತ್ತಿದ್ದೆವು. ಚೌಕಿಯ ಹಿಂಬದಿಯಲ್ಲಿ ತರುಣನೊಬ್ಬನು ಕೊಬ್ಬರಿ ಎಣ್ಣೆ ಹಚ್ಚಿ ಮುಖದ ಬಣ್ಣವನ್ನು ಒರೆಸಿಕೊಳ್ಳುತ್ತಿದ್ದ. ಒಂದು ಕೆನ್ನೆ ಇನ್ನೂ ಅಭಿಮನ್ಯುವಿನದಾಗಿತ್ತು. ಹುಡುಗಿಯು ನಿಂತಳು. ಅವನು ನಕ್ಕು, “ಎಷ್ಟನೇ ಕ್ಲಾಸ್ ಮಗಾ?” ಎಂದು ಕೇಳಿದ. ಆಕೆಗೆ ಉತ್ತರ ಹೊರಡಲಿಲ್ಲ. ಮೇಳದ ವಾಹನದವನು ಹಾರ್ನ್ ಹಾಕಿದ. ಅಂದು ರಾತ್ರಿ ಬೈಂದೂರಿನ ಕಡೆಯ ಒಂದು ಮನೆಯಲ್ಲಿ ಅವರಿಗೆ ಆಟವಿತ್ತು.